ಮೂವರು ಗೂಢಚಾರರು ಮತ್ತು ಒಂದು ಡೌನ್‌ಲೋಡ್

2016ರ ಫೆಬ್ರವರಿ 20ರಂದು ಲಿನಕ್ಸ್ ಮಿಂಟ್ ಎಂಬ ಉಚಿತ ಆಪರೇಟಿಂಗ್ ಸಿಸ್ಟಮ್‌ನ ವೆಬ್‌ಸೈಟಿಗೆ ಯಾರೋ ನುಗ್ಗಿ ಡೌನ್‌ಲೋಡ್ ಲಿಂಕನ್ನೇ ಬದಲಿಸಿಬಿಟ್ಟರು. ಸೈಟು ಅಸಲಿ, ಪುಟ ಅಸಲಿ, ಆದರೆ ಇಳಿದು ಬರುತ್ತಿದ್ದ 17.3 ಸಿನಮನ್ ಆವೃತ್ತಿಯ ಐಎಸ್‌ಒ ಫೈಲಿನಲ್ಲಿ (ಇಡೀ ಸಿಸ್ಟಮ್ ಅನುಸ್ಥಾಪಿಸುವ ಫೈಲು) ಕಳ್ಳರಿಗೊಂದು ಹಿಂಬಾಗಿಲು ಇತ್ತು. ಅಧಿಕೃತ ಸೈಟಿನಿಂದಲೇ ಇಳಿಸಿಕೊಳ್ಳಿ ಅಂತ ಎಲ್ಲರೂ ಹೇಳುತ್ತೇವಲ್ಲ, ಅಷ್ಟನ್ನೇ ಪಾಲಿಸಿದವರು ಆ ದಿನ ಸಿಕ್ಕಿಬಿದ್ದರು.

ಇಂಥ ಕಡೆ ನನಗೆ ಕೌಟಿಲ್ಯನ ಅರ್ಥಶಾಸ್ತ್ರ ನೆನಪಾಗುತ್ತದೆ. (ಮೈಸೂರಿನ ಓರಿಯಂಟಲ್ ಲೈಬ್ರರಿಯಲ್ಲಿದ್ದ ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಅದನ್ನು ಅಚ್ಚು ಹಾಕಿಸಿದರು.) ಗೂಢಚಾರರು ತಂದ ಸುದ್ದಿಯನ್ನು ಯಾವಾಗ ನಂಬಬೇಕು? ಮೂವರು ಹೇಳಿದ್ದು ಒಂದೇ ಆದಾಗ. ಅದೇ ಅಧ್ಯಾಯದಲ್ಲಿ ಇನ್ನೊಂದು ಷರತ್ತಿದೆ, ಅದೇ ಜಾಸ್ತಿ ಮುಖ್ಯ: ಅವರಿಗೆ ಒಬ್ಬರ ಗುರುತು ಇನ್ನೊಬ್ಬರಿಗೆ ಇರಬಾರದು. ಮೊದಲೇ ಮಾತಾಡಿಕೊಂಡು ಬಂದ ಮೂವರು ಲೆಕ್ಕಕ್ಕೆ ಒಬ್ಬನೇ, ಅಲ್ವಾ?

ಈಗ ಫೈಲಿಗೆ ಬರೋಣ. ಡೌನ್‌ಲೋಡ್ ಪುಟದಲ್ಲಿ ಫೈಲಿನ ಪಕ್ಕ ಕೆಲವೊಮ್ಮೆ 64 ಅಕ್ಷರ-ಅಂಕಿಗಳ ಒಂದು ಸಾಲು ಇರುತ್ತದೆ. ಅದು ಶಾ-256 ಹ್ಯಾಶ್, ಅಂದರೆ ಫೈಲಿನ ಒಳಗಿರುವುದನ್ನು ಲೆಕ್ಕ ಹಾಕಿ ತೆಗೆದ ಬೆರಳಚ್ಚು. ಫೈಲು ಚಿಕ್ಕದಿರಲಿ, ಹಲವು ಜಿಬಿ ಇರಲಿ, ಸಾಲಿನ ಉದ್ದ ಅಷ್ಟೇ. ಒಳಗೆ ಒಂದೇ ಒಂದು ಬಿಟ್ ಬದಲಾದರೂ ಇಡೀ ಸಾಲು ಗುರುತೇ ಸಿಗದ ಹಾಗೆ ಬದಲಾಗುತ್ತದೆ. ಎಂಡಿ5 ಎಂಬ ಹಳೆಯ ಬಗೆಯ ಹ್ಯಾಶ್ ಬೇಡ; ಎರಡು ಬೇರೆ ಬೇರೆ ಫೈಲುಗಳಿಗೆ ಒಂದೇ ಎಂಡಿ5 ಬರುವಂತೆ ಮಾಡಬಹುದು ಅಂತ 2004ರಲ್ಲೇ ಚೀನಾದ ಸಂಶೋಧಕರು ತೋರಿಸಿದ್ದಾರೆ. ವಿಂಡೋಸ್‌ನ ಪವರ್‌ಶೆಲ್‌ನಲ್ಲಿ (ಆದೇಶ ಟೈಪ್ ಮಾಡುವ ಕಿಟಕಿ) ಗೆಟ್-ಫೈಲ್‌ಹ್ಯಾಶ್ (Get-FileHash) ಅನ್ನುವ ಆದೇಶ ಕೊಟ್ಟರೆ ನಿಮ್ಮ ಫೈಲಿನ ಹ್ಯಾಶ್ ಬರುತ್ತದೆ, ಎರಡನ್ನೂ ಹೋಲಿಸಿ ನೋಡಬಹುದು.

ಆದರೆ ಫೈಲೂ ಹ್ಯಾಶೂ ಒಂದೇ ಪುಟದಲ್ಲಿದ್ದರೆ, ಪುಟವನ್ನು ವಶಪಡಿಸಿಕೊಂಡವನು ಎರಡನ್ನೂ ಬದಲಿಸುತ್ತಾನೆ. ಡೌನ್‌ಲೋಡ್ ಅರ್ಧದಲ್ಲಿ ಕೆಟ್ಟಿದೆಯಾ ಅಂತ ನೋಡಲು ಆ ಹ್ಯಾಶ್ ಸಾಕು, ಶತ್ರುವನ್ನು ಹಿಡಿಯಲು ಸಾಲದು.

ಅದಕ್ಕೆ ಮುದ್ರೆ ಬೇಕು. ಕೌಟಿಲ್ಯನ ರಾಜ್ಯದಲ್ಲಿ ಒಳಗೆ ಬರಲು, ಹೊರಗೆ ಹೋಗಲು ಮುದ್ರಾಧ್ಯಕ್ಷ ಕೊಟ್ಟ ಮುದ್ರೆ ಇರಬೇಕಿತ್ತು. ಸುಳ್ಳು ಮುದ್ರೆಗೆ ದಂಡ ಬೇರೆ. ಡಿಜಿಟಲ್ ಸಹಿ ಇದಕ್ಕಿಂತ ಗಟ್ಟಿ. ತಯಾರಕರು ಗುಟ್ಟಾಗಿಟ್ಟ ಕೀಲಿಯಿಂದ ಫೈಲಿನ ಹ್ಯಾಶಿಗೆ ಸಹಿ ಹಾಕುತ್ತಾರೆ, ಎಲ್ಲರಿಗೂ ಕೊಟ್ಟಿರುವ ಇನ್ನೊಂದು ಕೀಲಿಯಿಂದ ನೀವು ಅದನ್ನು ಪರೀಕ್ಷಿಸುತ್ತೀರಿ. ಒಂದು ಫೈಲಿನ ಸಹಿಯನ್ನು ಕಿತ್ತು ಇನ್ನೊಂದಕ್ಕೆ ಅಂಟಿಸಲು ಆಗುವುದಿಲ್ಲ. ಆ ಸಾರ್ವಜನಿಕ ಕೀಲಿಯನ್ನು ಮಾತ್ರ ದಯವಿಟ್ಟು ಬೇರೆ ದಾರಿಯಿಂದ ಪಡೆಯಿರಿ, ಇಲ್ಲದಿದ್ದರೆ ಮತ್ತೆ ಅದೇ ಕಥೆ. ಇನ್ನು ವಾಟ್ಸಾಪ್‌ನಲ್ಲಿ ಮದುವೆ ಕರೆಯೋಲೆ ಅಂತ ಬರುವ ಎಪಿಕೆ ಫೈಲಿಗೆ (ಆಂಡ್ರಾಯ್ಡ್ ಆ್ಯಪ್ ಹಾಕುವ ಫೈಲು) ನಂಬಬಹುದಾದ ಒಬ್ಬ ಸಾಕ್ಷಿಯೂ ಇರುವುದಿಲ್ಲ. ಮುಟ್ಟಲೇಬೇಡಿ.

ಸಹಿ ಹಾಕುವವನೇ ಶತ್ರುವಾದರೆ? ಎರಡೂ ಕಡೆ ಸಂಬಳ ತಿನ್ನುವ ಗೂಢಚಾರನನ್ನು ಅರ್ಥಶಾಸ್ತ್ರ ಉಭಯವೇತನ ಎನ್ನುತ್ತದೆ. 2024ರ ಮಾರ್ಚ್‌ನಲ್ಲಿ ಫೈಲುಗಳನ್ನು ಕುಗ್ಗಿಸುವ ಎಕ್ಸ್‌ಝಡ್ (XZ) ಎಂಬ ಪುಟ್ಟ ತಂತ್ರಾಂಶದಲ್ಲಿ ಆಗಿದ್ದು ಹೆಚ್ಚುಕಡಿಮೆ ಇದೇ. ಎರಡು ವರ್ಷಕ್ಕೂ ಹೆಚ್ಚು ಕಾಲ ಒಳ್ಳೆಯ ಕೆಲಸ ಮಾಡಿ ನಂಬಿಕೆ ಗಳಿಸಿದ ಒಬ್ಬರು ಹಿಂಬಾಗಿಲಿಟ್ಟ ಆವೃತ್ತಿಯನ್ನು ಹೊರತಂದರು. ಸಹಿ ಸರಿಯಾಗಿಯೇ ಇತ್ತು. ಲಾಗಿನ್ ಅರ್ಧ ಸೆಕೆಂಡು ತಡವಾಗುತ್ತಿದೆಯಲ್ಲ ಅಂತ ಆಂಡ್ರೆಸ್ ಫ್ರಾಯಂಡ್ ಎಂಬ ಎಂಜಿನಿಯರ್ ಬೆನ್ನುಹತ್ತಿದ್ದರಿಂದ ಅದು ಬಯಲಾಯಿತು. ಆ ಹಿಂಬಾಗಿಲನ್ನು ತೆರೆಯುವ ತುಣುಕು ಮೂಲ ಕೋಡನ್ನು ಎಲ್ಲರೂ ನೋಡುವಂತೆ ಇಟ್ಟಿರುವ ಗಿಟ್ ಭಂಡಾರದಲ್ಲಿ ಇರಲೇ ಇಲ್ಲ, ಬಿಡುಗಡೆಯ ಫೈಲಿನಲ್ಲಿ ಮಾತ್ರ ಇತ್ತು. ಎರಡನ್ನೂ ಪಕ್ಕದಲ್ಲಿಟ್ಟು ನೋಡಿದವರು ಯಾರೂ ಇರಲಿಲ್ಲ.

ಬಿಟ್‌ಕಾಯಿನ್ ಜಾಲದ ತಂತ್ರಾಂಶವಾದ ಬಿಟ್‌ಕಾಯಿನ್ ಕೋರ್‌ನವರು ಇಂಥ ಪರೀಕ್ಷೆಯನ್ನು ವರ್ಷಗಳಿಂದ ಹಂಚಿಕೊಂಡಿದ್ದಾರೆ: ಒಂದೇ ಮೂಲ ಕೋಡನ್ನು ಹಲವರು ತಂತಮ್ಮ ಕಂಪ್ಯೂಟರಿನಲ್ಲಿ ಪ್ರತ್ಯೇಕವಾಗಿ ಕಟ್ಟಿ (ಬಳಸುವ ಫೈಲಾಗಿ ಮಾಡಿ), ಬಂದ ಹ್ಯಾಶಿಗೆ ಸಹಿ ಹಾಕಿ ಪ್ರಕಟಿಸುತ್ತಾರೆ. ಎಲ್ಲರ ಹ್ಯಾಶೂ ಒಂದೇ ಆದರೆ ನಂಬಬಹುದು, ಆ ಮೂವರು ಗೂಢಚಾರರ ಹಾಗೆ. ನಾವು ದಿನಾ ಬಳಸುವ ಬ್ಯಾಂಕ್ ಆ್ಯಪ್‌ಗಳಿಗೂ, ಸರ್ಕಾರಿ ಆ್ಯಪ್‌ಗಳಿಗೂ ಇಂಥ ವ್ಯವಸ್ಥೆ ಬೇಕು ಅಂತ ಕೇಳುವ ಹಕ್ಕು ನಮಗಿದೆ.