ಅಪರಾಧಿ ಗೊತ್ತು, ದೂರು ಕೊಡುವುದು ಯಾರಿಗೆ? ರಷ್ಯನ್ ಥ್ರಿಲ್ಲರ್‌ಗಳನ್ನು ಎಲ್ಲಿಂದ ಶುರು ಮಾಡಬೇಕು

ಪ್ರಶ್ನೆ: ಕೊರಿಯನ್, ಸ್ಪ್ಯಾನಿಷ್ ಥ್ರಿಲ್ಲರ್‌ಗಳನ್ನು ಸಾಕಷ್ಟು ನೋಡಿದ್ದೇನೆ. ರಷ್ಯನ್ ಥ್ರಿಲ್ಲರ್‌ಗಳು ಅವೆಲ್ಲಕ್ಕಿಂತ ಕರಾಳ, ನೋಡಿದ ಮೇಲೆ ನಿದ್ದೆ ಹತ್ತುವುದಿಲ್ಲ ಅಂತಾರೆ. ನಿಜವೇ? ನೋಡುವುದಾದರೆ ಯಾವುದರಿಂದ ಶುರು ಮಾಡಲಿ?

ನಿಜ. ಆದರೆ ಕೊಲೆಗಾರ ಯಾರೆಂದು ಕೊನೆಯ ಹತ್ತು ನಿಮಿಷದಲ್ಲಿ ಬಯಲಾಗುವ ಕತೆ ಬೇಕಿದ್ದರೆ ಈ ಚಿತ್ರಗಳು ನಿಮಗೆ ನಿರಾಸೆ ಮಾಡುತ್ತವೆ. ತಪ್ಪು ಮಾಡಿದವರು ಯಾರು ಎಂಬುದು ಬೇಗನೇ ಗೊತ್ತಾಗುತ್ತದೆ, ಎಷ್ಟೋ ಸಲ ಅದು ನಮ್ಮ ಕಣ್ಣೆದುರೇ ನಡೆಯುತ್ತದೆ. ದಸ್ತಯೇವ್‌ಸ್ಕಿ 1866ರಲ್ಲಿ 'ಅಪರಾಧ ಮತ್ತು ಶಿಕ್ಷೆ' ಬರೆದಾಗಲೂ ಹೀಗೇ ಮಾಡಿದ್ದ. ಮುದುಕಿಯನ್ನು ಕೊಂದವನು ರಸ್ಕೋಲ್ನಿಕೋವ್ ಎಂದು ಕಾದಂಬರಿಯ ಮೊದಲ ಭಾಗದಲ್ಲೇ ಓದುಗನಿಗೆ ತಿಳಿದುಹೋಗುತ್ತದೆ. ಇವತ್ತಿನ ಚಿತ್ರಗಳಲ್ಲಿ ಮುಂದೇನಾಗುತ್ತದೋ ಎಂಬ ಆತಂಕಕ್ಕೆ ಇನ್ನೊಂದು ಸೇರಿಕೊಂಡಿದೆ. ಅನ್ಯಾಯ ಆಗಿದೆ, ಯಾರು ಮಾಡಿದ್ದೆಂದೂ ಗೊತ್ತಿದೆ, ಹೋಗಿ ಹೇಳಿಕೊಳ್ಳೋಣ ಅಂದರೆ ಕೇಳುವವರಿಲ್ಲ. ಠಾಣೆಯ ಬಾಗಿಲು ತಟ್ಟಿದರೆ ಒಳಗೆ ಕೂತವನು ಆರೋಪಿಯ ಅಪ್ಪನೋ ಗೆಳೆಯನೋ ಆಗಿರುತ್ತಾನೆ, ಒಂದೊಂದು ಸಲ ಅವನೇ ಆರೋಪಿ. ನಿದ್ದೆ ಕೆಡಿಸುವುದು ಇದು.

ಶುರು ಮಾಡಲು ನಾನು ಯಾವಾಗಲೂ ಹೇಳುವುದು 'ಈ ಬೇಸಿಗೆಯನ್ನು ನಾನು ಹೇಗೆ ಕಳೆದೆ' ಎಂಬರ್ಥದ ಹೆಸರಿನ, 2010ರ ಚಿತ್ರ. ನಿರ್ದೇಶಕ ಅಲೆಕ್ಸೇಯ್ ಪೊಪೊಗ್ರೆಬ್‌ಸ್ಕಿ. ಹೆಸರು ಶಾಲೆಯ ಮಕ್ಕಳ ಪ್ರಬಂಧದಂತಿದೆ, ಕತೆ ಮಾತ್ರ ರಷ್ಯಾದ ಈಶಾನ್ಯದ ತುತ್ತತುದಿ ಚುಕೋತ್ಕಾದ ಹವಾಮಾನ ಕೇಂದ್ರದ್ದು. ಆರ್ಕ್ಟಿಕ್ ಸಮುದ್ರದ ಅಂಚಿನಲ್ಲಿ ಇಬ್ಬರೇ ಗಂಡಸರು. ವರ್ಷಗಟ್ಟಲೆ ಅಲ್ಲೇ ದುಡಿದ ಸೆರ್ಗೇಯ್, ಬೇಸಿಗೆಗೆಂದು ಬಂದ ಹುಡುಗ ಪಾವೆಲ್. ಹೊತ್ತು ಹೊತ್ತಿಗೆ ಗಾಳಿ, ಉಷ್ಣತೆಯ ಅಂಕಿಗಳನ್ನು ಬರೆದು ರೇಡಿಯೋದಲ್ಲಿ ಓದಿ ಹೇಳಬೇಕು, ಅಷ್ಟೇ ಕೆಲಸ. ಸೆರ್ಗೇಯ್ ಮೀನು ಹಿಡಿಯಲು ದೋಣಿಯಲ್ಲಿ ಹೋಗಿದ್ದಾಗ ರೇಡಿಯೋದಲ್ಲಿ ಸುದ್ದಿ ಬರುತ್ತದೆ: ಅವನ ಹೆಂಡತಿ, ಮಗು ಭೀಕರ ಅವಘಡಕ್ಕೆ ಸಿಲುಕಿದ್ದಾರೆ. ಪಾವೆಲ್ ಅದನ್ನು ಬರೆದುಕೊಳ್ಳುತ್ತಾನೆ. ಸೆರ್ಗೇಯ್ ವಾಪಸು ಬರುತ್ತಾನೆ. ಪಾವೆಲ್ ಹೇಳುವುದಿಲ್ಲ.

ಏಕೆ ಹೇಳುವುದಿಲ್ಲ ಎಂದು ಚಿತ್ರ ವಿವರಿಸುವ ಗೋಜಿಗೆ ಹೋಗುವುದಿಲ್ಲ. ಸೆರ್ಗೇಯ್ ಸಿಡುಕ, ಹುಡುಗನಿಗೆ ಅವನೆಂದರೆ ಭಯ. ಮೊದಲ ಗಳಿಗೆ ಜಾರಿತು, ಆಮೇಲೆ ಪ್ರತಿ ಗಳಿಗೆಯೂ ಹೇಳುವುದು ಇನ್ನಷ್ಟು ಕಷ್ಟವಾಗುತ್ತ ಹೋಯಿತು. ಸೂರ್ಯ ಮುಳುಗದ ಬೇಸಿಗೆ, ಮುಚ್ಚಿಡಲು ಒಂದು ಕತ್ತಲ ಮೂಲೆಯೂ ಇಲ್ಲ. ಆ ಬರಡು ದಡದಲ್ಲಿ ಒಬ್ಬ ಮನುಷ್ಯನ ಸುಳ್ಳು ಇನ್ನೊಬ್ಬನ ಬಂದೂಕಿನಷ್ಟೇ ಅಪಾಯಕಾರಿ ಆಗುವುದನ್ನು ನೋಡುತ್ತ ಕೂರುವಾಗ ಕೈ ತಣ್ಣಗಾಗುತ್ತದೆ. ಖಳನಾಯಕನಿಲ್ಲ, ಹಿನ್ನೆಲೆಯಲ್ಲಿ ಸಂಗೀತ ಬಡಿದು ಹೆದರಿಸುವುದೂ ಇಲ್ಲ. ಈ ಪಾತ್ರಗಳನ್ನು ಮಾಡಿದ ಸೆರ್ಗೇಯ್ ಪುಸ್ಕೆಪಾಲಿಸ್, ಗ್ರಿಗೋರಿ ದೊಬ್ರೀಗಿನ್ ಇಬ್ಬರಿಗೂ ಆ ವರ್ಷದ ಬರ್ಲಿನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಒಟ್ಟಿಗೆ ಬಂತು, ಛಾಯಾಗ್ರಾಹಕ ಪಾವೆಲ್ ಕೊಸ್ತೊಮಾರೊವ್‌ಗೂ ಅಲ್ಲಿನ ಒಂದು 'ಬೆಳ್ಳಿ ಕರಡಿ' ಪ್ರಶಸ್ತಿ. ಎಲ್ಲರೂ ಅರ್ಹರು.

ಅಲ್ಲಿಂದ ಪಟ್ಟಣಕ್ಕೆ ಬನ್ನಿ. ಆಂದ್ರೇಯ್ ಜ್ವ್ಯಾಗಿಂತ್ಸೆವ್ 2011ರಲ್ಲಿ ಮಾಡಿದ 'ಯೆಲೆನಾ' ನನ್ನ ಮಟ್ಟಿಗೆ ಈ ಶತಮಾನದ ಅತ್ಯಂತ ಸದ್ದಿಲ್ಲದ ಕೊಲೆಯ ಚಿತ್ರ. ಯೆಲೆನಾ ಹಿಂದೆ ನರ್ಸ್ ಆಗಿದ್ದವಳು, ವಯಸ್ಸಾದ ಮೇಲೆ ಶ್ರೀಮಂತ ವ್ಲಾದಿಮಿರ್‌ನನ್ನು ಮದುವೆಯಾಗಿದ್ದಾಳೆ. ಮಾಸ್ಕೋದ ದೊಡ್ಡ ಮನೆ, ಇಬ್ಬರಿಗೂ ಬೇರೆ ಬೇರೆ ಮಲಗುವ ಕೋಣೆ. ಅವಳ ಮೊದಲ ಮದುವೆಯ ಮಗ ಊರಾಚೆ, ವಿದ್ಯುತ್ ಸ್ಥಾವರದ ದೈತ್ಯ ಗೋಪುರಗಳ ಪಕ್ಕದ ವಠಾರದಂಥ ಕಟ್ಟಡದಲ್ಲಿ ಕೆಲಸವಿಲ್ಲದೆ ಬಿಯರ್ ಕುಡಿದುಕೊಂಡಿದ್ದಾನೆ. ಮೊಮ್ಮಗನನ್ನು ಕಾಲೇಜಿಗೆ ಸೇರಿಸಲು ದುಡ್ಡು ಬೇಕು, ಇಲ್ಲದಿದ್ದರೆ ಹುಡುಗ ಸೈನ್ಯಕ್ಕೆ ಹೋಗಬೇಕು. ವ್ಲಾದಿಮಿರ್ ಕೊಡಲು ಒಪ್ಪುವುದಿಲ್ಲ. ಹೃದಯಾಘಾತವಾಗಿ ಆಸ್ಪತ್ರೆ ಸೇರಿ ಬಂದವನು ಆಸ್ತಿಯನ್ನೆಲ್ಲ ಮಗಳ ಹೆಸರಿಗೆ ಬರೆಯುತ್ತೇನೆ ಅನ್ನುತ್ತಾನೆ.

ಮುಂದಿನದನ್ನು ಹತ್ತಿರದಿಂದ ನೋಡಬೇಕು. ಹೃದ್ರೋಗಿಗೆ ಯಾವ ಮಾತ್ರೆ ಆಗಿಬರುವುದಿಲ್ಲ ಎಂಬುದು ನರ್ಸ್ ಆಗಿದ್ದವಳಿಗೆ ಗೊತ್ತು. ಅವನ ದಿನದ ಔಷಧಿಯ ಜೊತೆ ವಯಾಗ್ರ ಸೇರಿಸುತ್ತಾಳೆ, ಎಂದಿನ ಹಾಗೇ ತಂದು ಕೊಡುತ್ತಾಳೆ, ಕಾಯುತ್ತಾಳೆ. ಯೆಲೆನಾ ಆಗಿರುವ ನಾದೆಝ್ದಾ ಮಾರ್ಕಿನಾ ಮುಖದಲ್ಲಿ ಆಗ ಕಾಣುವುದು ಮನೆಗೆಲಸ ಮುಗಿಸುವವಳ ಶ್ರದ್ಧೆ ಮಾತ್ರ. ಕ್ರೌರ್ಯ ಹುಡುಕಿದರೂ ಸಿಗುವುದಿಲ್ಲ. ಫಿಲಿಪ್ ಗ್ಲಾಸ್‌ನ ಮೂರನೇ ಸಿಂಫನಿಯ ತುಣುಕೊಂದು ಆಗಾಗ ಬಂದು ಹೋಗುತ್ತದೆ. ಯಾರೂ ಅವಳನ್ನು ಅನುಮಾನಿಸುವುದಿಲ್ಲ. ತಿಜೋರಿಯಲ್ಲಿದ್ದ ನೋಟುಗಳನ್ನು ಚೀಲಕ್ಕೆ ತುಂಬಿಕೊಂಡು ಮಗನ ಮನೆಗೆ ಹೊರಟಾಗ ದಾರಿಯಲ್ಲಿ ರೈಲು ಕುದುರೆಯೊಂದಕ್ಕೆ ಬಡಿದು ನಿಲ್ಲುತ್ತದೆ. ಇಡೀ ಚಿತ್ರದಲ್ಲಿ ಅವಳಿಗೆ ಶಿಕ್ಷೆಯ ನೆರಳು ಸುಳಿಯುವುದು ಆಗ ಮಾತ್ರ. ರೈಲು ಮತ್ತೆ ಹೊರಡುತ್ತದೆ. ನಮ್ಮ ಧಾರಾವಾಹಿಗಳಲ್ಲಿ ಅತ್ತೆ ಹಾಲಿಗೆ ವಿಷ ಬೆರೆಸುವ ದೃಶ್ಯ ಎಷ್ಟು ಗದ್ದಲದ್ದೆಂದು ನೆನೆಸಿಕೊಂಡರೆ ಈ ಮೌನದ ಬೆಲೆ ಗೊತ್ತಾಗುತ್ತದೆ.

ಜ್ವ್ಯಾಗಿಂತ್ಸೆವ್‌ನದೇ 'ನೆಲ್ಯುಬೊವ್' 2017ರದ್ದು, ಇಂಗ್ಲಿಷ್‌ನಲ್ಲಿ 'ಲವ್‌ಲೆಸ್' ಎಂದು ಹುಡುಕಿ. ವಿಚ್ಛೇದನ ತೆಗೆದುಕೊಳ್ಳುತ್ತಿರುವ ಗಂಡ ಹೆಂಡತಿ, ಹನ್ನೆರಡು ವರ್ಷದ ಮಗ ಅಲ್ಯೋಶಾ ಇಬ್ಬರಿಗೂ ಬೇಡ. ರಾತ್ರಿ ಅವನು ಮಲಗಿದ್ದಾನೆಂದುಕೊಂಡು ಯಾರು ಇಟ್ಟುಕೊಳ್ಳಬೇಕೆಂದು ಕಿತ್ತಾಡುತ್ತಾರೆ. ತಾಯಿ ಬಚ್ಚಲಿಗೆ ಹೋಗಿ, ಬಂದು, ಬಾಗಿಲು ಮುಚ್ಚುತ್ತಾಳೆ. ಆ ಬಾಗಿಲ ಹಿಂದೆ ಹುಡುಗ ನಿಂತಿದ್ದಾನೆ, ಬಾಯಿ ತೆರೆದು ಸದ್ದೇ ಬಾರದಂತೆ ಅಳುತ್ತ. ಕೆಲವೇ ಸೆಕೆಂಡಿನ ದೃಶ್ಯ. ಮಕ್ಕಳಿರುವವರು ಆಮೇಲೆ ಚಿತ್ರ ನಿಲ್ಲಿಸಿ ಸ್ವಲ್ಪ ಹೊತ್ತು ಎದ್ದು ಹೋದರೆ ತಪ್ಪಿಲ್ಲ. ಅಲ್ಯೋಶಾ ಕಾಣೆಯಾಗುತ್ತಾನೆ, ಪೊಲೀಸರು, ನಮಗೆ ಪುರುಸೊತ್ತಿಲ್ಲ, ಸ್ವಯಂಸೇವಕರನ್ನು ಕೇಳಿ ಎಂದು ಕೈ ತೊಳೆದುಕೊಳ್ಳುತ್ತಾರೆ. ಇದು ಕತೆಗೆಂದು ಹೆಣೆದದ್ದಲ್ಲ. ಕಾಣೆಯಾದವರನ್ನು ಹುಡುಕುವ 'ಲಿಝಾ ಅಲರ್ಟ್' ಎಂಬ ಸ್ವಯಂಸೇವಕರ ಪಡೆ ರಷ್ಯಾದಲ್ಲಿ 2010ರಿಂದ ನಿಜವಾಗಿಯೂ ಇದೆ, ಚಿತ್ರದ ಹುಡುಕಾಟದ ತಂಡಕ್ಕೆ ಅದೇ ಮಾದರಿ. ಕಾಡಿನಲ್ಲಿ, ಪಾಳುಬಿದ್ದ ಕಟ್ಟಡದಲ್ಲಿ ಅವರು ಹೆಸರು ಹಿಡಿದು ಕೂಗುತ್ತ ನಡೆಯುವ ದೃಶ್ಯಗಳಲ್ಲಿ ಇರುವಷ್ಟು ಮನುಷ್ಯತ್ವ ಆ ಮನೆಯೊಳಗಿಲ್ಲ.

ಇಷ್ಟು ತಡೆದುಕೊಂಡರೆ ನಿರ್ದೇಶಕ ಯೂರಿ ಬೀಕೊವ್ ಸಿದ್ಧನಿದ್ದಾನೆ. ಅವನ 'ಮೇಜರ್' (2013) ಹಿಮ ಬಿದ್ದ ರಸ್ತೆಯಲ್ಲಿ ಶುರುವಾಗುತ್ತದೆ. ಹೆಂಡತಿಗೆ ಹೆರಿಗೆ ನೋವು ಎಂದು ಫೋನು ಬಂದು ಪೊಲೀಸ್ ಅಧಿಕಾರಿ ಸೊಬೊಲೆವ್ ಕಾರು ಓಡಿಸುತ್ತಾನೆ, ರಸ್ತೆ ದಾಟುತ್ತಿದ್ದ ಬಾಲಕನಿಗೆ ಗುದ್ದುತ್ತಾನೆ. ಮಗುವಿನ ತಾಯಿ ಅಲ್ಲೇ ಇದ್ದಾಳೆ. ಅವನು ಅವಳನ್ನು ತನ್ನ ಕಾರಿನೊಳಗೆ ಕೂಡಿ ಹಾಕಿ ಠಾಣೆಯ ಗೆಳೆಯರಿಗೆ ಫೋನು ಮಾಡುತ್ತಾನೆ. ಸ್ವಲ್ಪ ಹೊತ್ತಿಗೆ ಅವನಿಗೇ ಮನಸ್ಸು ಚುಚ್ಚಿ ತಪ್ಪೊಪ್ಪಿಕೊಳ್ಳಲು ಹೊರಟರೆ ಠಾಣೆ ಬಿಡುವುದಿಲ್ಲ. ಒಬ್ಬನನ್ನು ಉಳಿಸಲು ಎಲ್ಲರೂ ಸುಳ್ಳು ಹೇಳಿಯಾಗಿದೆ, ಈಗ ಒಬ್ಬ ನಿಜ ಹೇಳಿದರೆ ಎಲ್ಲರೂ ಮುಳುಗುತ್ತಾರೆ. ಇದನ್ನೇ ಅಮೆರಿಕದಲ್ಲಿ ನೆಟ್‌ಫ್ಲಿಕ್ಸ್ 2018ರಲ್ಲಿ 'ಸೆವೆನ್ ಸೆಕೆಂಡ್ಸ್' ಸರಣಿಯಾಗಿ ಮಾಡಿತು. ಸರಣಿ ನೋಡಿದವರೂ ಮೂಲವನ್ನು ಬಿಡಬೇಡಿ.

ಬೀಕೊವ್‌ನ ಮುಂದಿನ ಚಿತ್ರ 'ದುರಾಕ್' (2014), ಅಂದರೆ ಮೂರ್ಖ. ಇದರಲ್ಲಿ ಕೊಲೆಗಾರನಿಲ್ಲ, ಒಂದು ಕಟ್ಟಡವಿದೆ. ಒಡೆದ ಪೈಪು ನೋಡಲು ಬಂದ ಕೊಳಾಯಿ ಕೆಲಸದ ದೀಮಾ, ಅಡಿಪಾಯದಿಂದ ಒಂಬತ್ತನೇ ಮಹಡಿಯವರೆಗೆ ಸೀಳಿಕೊಂಡ ಗೋಡೆಯನ್ನು ಕಾಣುತ್ತಾನೆ. ಕಟ್ಟಡ ವಾಲಿದೆ. ಒಳಗೆ ಎಂಟುನೂರಕ್ಕೂ ಹೆಚ್ಚು ಜನ. ಬೆಳಗಾಗುವುದರೊಳಗೆ ಖಾಲಿ ಮಾಡಿಸದಿದ್ದರೆ ಉಳಿಗಾಲವಿಲ್ಲ ಎಂದು ಲೆಕ್ಕ ಹಾಕಿ, ಮೇಯರಮ್ಮನ ಐವತ್ತನೇ ಹುಟ್ಟುಹಬ್ಬದ ಪಾರ್ಟಿಗೇ ನುಗ್ಗುತ್ತಾನೆ. ದುರಸ್ತಿಗೆಂದು ಬಂದ ಹಣವನ್ನು ವರ್ಷಗಳಿಂದ ಹಂಚಿಕೊಂಡವರೆಲ್ಲ ಆ ಮೇಜಿನ ಸುತ್ತಲೇ ಕೂತಿದ್ದಾರೆ. ಕಟ್ಟಡ ಬಿದ್ದರೆ ಎಷ್ಟು ಜನ ಸಾಯುತ್ತಾರೆ ಎಂಬುದಕ್ಕಿಂತ ಕಾಗದದ ಮೇಲೆ ಯಾರ ಸಹಿ ಇದೆ ಎಂಬ ಚರ್ಚೆಯೇ ಅಲ್ಲಿ ಜೋರು. 2019ರಲ್ಲಿ ಧಾರವಾಡದಲ್ಲಿ ಬಹುಮಹಡಿ ಕಟ್ಟಡ ಕುಸಿದದ್ದು ನೆನಪಿರುವವರಿಗೆ ಈ ಚಿತ್ರ ದೂರದೇಶದ್ದು ಅನ್ನಿಸುವುದಿಲ್ಲ. ಮಧ್ಯೆ ದೀಮಾ ರಾತ್ರಿಯ ಬೀದಿಯಲ್ಲಿ ಒಬ್ಬನೇ ನಡೆದು ಹೋಗುವ ಉದ್ದನೆಯ ದೃಶ್ಯವೊಂದಿದೆ, ಕಿನೋ ಎಂಬ ರಾಕ್ ತಂಡದ 'ಸ್ಪಕೋಯ್ನಯಾ ನೋಚ್' ಹಾಡಿನೊಂದಿಗೆ. ಹೆದರಿಕೆಯಲ್ಲೂ ಸಿಟ್ಟಿನಲ್ಲೂ ನನ್ನ ಕಣ್ಣು ತುಂಬಿದ್ದು ಅಲ್ಲಿ. ಅಂತ್ಯ ಹೇಳುವುದಿಲ್ಲ, ಹೇಳಿದರೆ ನಿಮಗೆ ಅನ್ಯಾಯ.

ಇಷ್ಟೊಂದು ಸೋಲು ಬೇಡ, ಎಲ್ಲೋ ಒಂದು ಕಡೆಯಾದರೂ ತಿರುಗೇಟು ಬೇಕು ಅನ್ನುವವರಿಗೆ ಸ್ತಾನಿಸ್ಲಾವ್ ಗೊವೊರೂಖಿನ್‌ನ 'ವೊರೊಶಿಲೋವ್ ಗುರಿಕಾರ' (1999) ಇದೆ. ಮೊಮ್ಮಗಳ ಮೇಲೆ ಅತ್ಯಾಚಾರ ಮಾಡಿದ ಮೂವರಲ್ಲಿ ಒಬ್ಬನ ತಂದೆ ಪೊಲೀಸ್ ಕರ್ನಲ್, ಮೊಕದ್ದಮೆ ಮುಚ್ಚಿಹೋಗುತ್ತದೆ. ಅಜ್ಜ ಹಳ್ಳಿಮನೆ ಮಾರಿ ದೂರದಿಂದ ಗುರಿಯಿಡುವ ರೈಫಲ್ ಕೊಳ್ಳುತ್ತಾನೆ. ಪಾತ್ರ ಮಾಡಿದ ಮಿಖಾಯಿಲ್ ಉಲ್ಯಾನೊವ್ ಸೋವಿಯತ್ ಕಾಲದ ಯುದ್ಧಚಿತ್ರಗಳಲ್ಲಿ ಮಾರ್ಷಲ್ ಝೂಕೊವ್ ಆಗಿ ಮನೆಮಾತಾಗಿದ್ದವರು. ಆ ಮುಖವೇ ಪಿಂಚಣಿಯ ಮುದುಕನಾಗಿ ಕಚೇರಿಯಿಂದ ಕಚೇರಿಗೆ ಅಲೆಯುವುದನ್ನು ನೋಡಿದ ರಷ್ಯನ್ ಪ್ರೇಕ್ಷಕನಿಗೆ ಏನನ್ನಿಸಿರಬೇಕು ಊಹಿಸಿ. ಈಚಿನದು ಬೇಕೆಂದರೆ ಕ್ಲಿಮ್ ಶಿಪೆಂಕೊ ಮಾಡಿದ 'ಟೆಕ್ಸ್ಟ್' (2019): ಸುಳ್ಳು ಡ್ರಗ್ಸ್ ಕೇಸಿನಲ್ಲಿ ಏಳು ವರ್ಷ ಜೈಲಿನಲ್ಲಿ ಕೊಳೆತವನು ತನ್ನನ್ನು ಸಿಕ್ಕಿಸಿದ ಪೊಲೀಸನನ್ನು ಕೊಂದು, ಅವನ ಮೊಬೈಲ್ ಇಟ್ಟುಕೊಂಡು, ಅವನ ಅಮ್ಮನಿಗೂ ಪ್ರೇಯಸಿಗೂ ಅವನ ಹೆಸರಲ್ಲೇ ಮೆಸೇಜು ಮಾಡುತ್ತ ಬದುಕುತ್ತಾನೆ. (ಇದೇ ಶಿಪೆಂಕೊ 2021ರಲ್ಲಿ ಬಾಹ್ಯಾಕಾಶ ನಿಲ್ದಾಣಕ್ಕೇ ಹೋಗಿ ಚಿತ್ರೀಕರಣ ಮಾಡಿ ಬಂದ.) 2021ರ 'ಕ್ಯಾಪ್ಟನ್ ವೊಲ್ಕೊನೊಗೊವ್ ತಪ್ಪಿಸಿಕೊಂಡ' ಚಿತ್ರವೂ ಸೊಗಸಾಗಿದೆ. 1938ರ ಲೆನಿನ್‌ಗ್ರಾದ್‌ನಲ್ಲಿ ಚಿತ್ರಹಿಂಸೆ ಕೊಡುವುದೇ ಕೆಲಸವಾಗಿದ್ದ ಅಧಿಕಾರಿಯೊಬ್ಬ ಓಡಿಹೋಗಿ, ತಾನು ಸಾಯಿಸಿದವರ ಮನೆಯವರಲ್ಲಿ ಒಬ್ಬರಾದರೂ ಕ್ಷಮಿಸುತ್ತಾರೇನೋ ಎಂದು ಬಾಗಿಲು ಬಾಗಿಲು ಅಲೆಯುತ್ತಾನೆ. 'ಅನೋರಾ'ದಲ್ಲಿ ನೀವು ನೋಡಿರಬಹುದಾದ ಯೂರಾ ಬೊರಿಸೊವ್ ಇಲ್ಲಿ ಮುಖ್ಯ ಪಾತ್ರ.

ಕಡೆಯದಾಗಿ, ಎಲ್ಲರೂ ಕೇಳುವ 'ಗ್ರೂಝ್ 200'. ಅಲೆಕ್ಸೇಯ್ ಬಲಬಾನೊವ್, 2007. ಅಫ್ಘಾನಿಸ್ತಾನದಲ್ಲಿ ಸತ್ತ ಸೋವಿಯತ್ ಸೈನಿಕರನ್ನು ಸತುವಿನ ಪೆಟ್ಟಿಗೆಯಲ್ಲಿ ಊರಿಗೆ ಕಳಿಸುವಾಗ ಸೈನ್ಯ ಬಳಸುತ್ತಿದ್ದ ಸಂಕೇತ ಅದು. ಕತೆ 1984ರದ್ದು. ಪೊಲೀಸ್ ಕ್ಯಾಪ್ಟನ್ ಝೂರೊವ್ ಒಬ್ಬ ಯುವತಿಯನ್ನು ಅಪಹರಿಸಿ ತನ್ನ ಮನೆಯಲ್ಲಿ ಕೂಡಿಹಾಕುತ್ತಾನೆ. ಪಕ್ಕದ ಕೋಣೆಯಲ್ಲಿ ಅವನ ತಾಯಿ ಟಿವಿ ನೋಡುತ್ತಿರುತ್ತಾಳೆ. ನವಕರ್ನಾಟಕದ ಮಳಿಗೆಗಳಲ್ಲಿ ಅಗ್ಗಕ್ಕೆ ಸಿಗುತ್ತಿದ್ದ ಸೋವಿಯತ್ ಪುಸ್ತಕಗಳ ನುಣುಪು ಹಾಳೆ, ನಗುವ ಕಾರ್ಮಿಕರು, ಕೆಂಪುಕೆನ್ನೆಯ ಮಕ್ಕಳನ್ನು ನೋಡಿ ಬೆಳೆದ ತಲೆಮಾರಿನವರಿಗೆ ಇದು ವಿಶೇಷವಾಗಿ ತಟ್ಟುತ್ತದೆ, ಏಕೆಂದರೆ ಬಲಬಾನೊವ್ ಆ ಕಾಲದ ಹರ್ಷದ ಪಾಪ್ ಹಾಡುಗಳನ್ನೇ ಭಯಾನಕ ದೃಶ್ಯಗಳ ಮೇಲೆ ಹರಿಯಬಿಡುತ್ತಾನೆ. ಝೂರೊವ್‌ಗಿಂತ ನನ್ನನ್ನು ಹೆಚ್ಚು ಕಾಡಿದ್ದು ಚಿತ್ರದ ಪ್ರೊಫೆಸರ್, ವೈಜ್ಞಾನಿಕ ನಾಸ್ತಿಕತೆಯನ್ನು ಪಾಠ ಮಾಡುವ ಸಭ್ಯ ಮನುಷ್ಯ. ಅಪಹರಣವಾದ ರಾತ್ರಿ ಅದು ನಡೆದ ಮನೆಗೆ ಹೋಗಿದ್ದವನು, ಬಾಯಿಬಿಟ್ಟರೆ ನಿರಪರಾಧಿಯೊಬ್ಬ ಉಳಿಯಬಹುದಿತ್ತು. ಆ ನಿರಪರಾಧಿಯ ಹೆಂಡತಿ ಬಂದು ಸಾಕ್ಷಿ ಹೇಳಿ ಎಂದು ಕೇಳಿಕೊಂಡರೂ ಪ್ರೊಫೆಸರ್ ಒಪ್ಪುವುದಿಲ್ಲ.

ಇದನ್ನು ಮನೆಮಂದಿಯೊಂದಿಗೆ ನೋಡಬೇಡಿ. ಲೈಂಗಿಕ ಹಿಂಸೆಯ ದೃಶ್ಯಗಳು ಸಹಿಸಲಾಗದಷ್ಟಿವೆ. ಅಂಥ ವಿಷಯ ನಿಮ್ಮನ್ನು ಹತ್ತಿರದಿಂದ ತಾಗುವುದಾದರೆ ಈ ಚಿತ್ರವನ್ನು ನಿಶ್ಚಿಂತೆಯಿಂದ ಕೈಬಿಡಿ, ಉಳಿದವುಗಳಲ್ಲೇ ಹೇಳಿದ್ದೆಲ್ಲ ಸಿಗುತ್ತದೆ. ಬಲಬಾನೊವ್ ಯಾರೆಂದು ಮಾತ್ರ ತಿಳಿಯಬೇಕೆಂದರೆ ಅವನ 1997ರ 'ಬ್ರಾತ್' ಮೊದಲು ನೋಡಿ. ಯಾವುದನ್ನೇ ನೋಡಿದರೂ ಡಬ್ ಆದದ್ದು ಬೇಡ, ರಷ್ಯನ್ ದನಿಯಲ್ಲೇ ಸಬ್‌ಟೈಟಲ್ ಹಾಕಿಕೊಂಡು ನೋಡಿ, ಒಂದರ ಹಿಂದೆ ಇನ್ನೊಂದನ್ನು ಅದೇ ರಾತ್ರಿ ಹಚ್ಚಬೇಡಿ.