ಮಾಲ್ಗುಡಿಯ ಸ್ವಾಮಿ ಆಮೇಲೆ ಎಲ್ಲಿ ಹೋದ?

ಪ್ರಶ್ನೆ: ‘ಮಾಲ್ಗುಡಿ ಡೇಸ್’ನಲ್ಲಿ ಸ್ವಾಮಿ ಆಗಿದ್ದ ಹುಡುಗ ಆಮೇಲೆ ಕಾಣಿಸಲೇ ಇಲ್ಲವಲ್ಲ? ಪಾಪ, ಅವಕಾಶ ಸಿಗಲಿಲ್ವಾ?

ಅವಕಾಶಕ್ಕೇನೂ ಕಮ್ಮಿ ಇರಲಿಲ್ಲ. ಮಾಸ್ಟರ್ ಮಂಜುನಾಥ್ ನಟನೆ ಬಿಟ್ಟಿದ್ದು 19ನೇ ವಯಸ್ಸಿನಲ್ಲಿ, ಓದಿನ ಕಡೆ ಗಮನ ಕೊಡೋಕೆ. ಅಷ್ಟು ಹೊತ್ತಿಗೆ 68 ಸಿನಿಮಾ ಮುಗಿಸಿದ್ದರು! ಎಷ್ಟೋ ನಟರಿಗೆ ಇಡೀ ಜೀವಮಾನದಲ್ಲೂ ಅಷ್ಟು ಆಗಲ್ಲ.

ಹುಟ್ಟಿದ್ದು 1976ರಲ್ಲಿ, ಬೆಂಗಳೂರಿನಲ್ಲಿ. ಕ್ಯಾಮೆರಾ ಮುಂದೆ ನಿಂತಾಗ ಇನ್ನೂ ಮೂರು ವರ್ಷದ ಮಗು. ಹತ್ತರ ಆಸುಪಾಸಿನಲ್ಲಿ ಶಂಕರ್ ನಾಗ್ ಕೈಯಲ್ಲಿ ಸ್ವಾಮಿ ಆದರು. ಆರ್.ಕೆ. ನಾರಾಯಣ್ ಕಥೆಗಳ ಆ ಧಾರಾವಾಹಿ 1986ರಲ್ಲಿ ದೂರದರ್ಶನದಲ್ಲಿ ಬಂತು, ಚಿತ್ರೀಕರಣ ನಡೆದಿದ್ದು ಹೆಚ್ಚಾಗಿ ನಮ್ಮ ಆಗುಂಬೆಯಲ್ಲಿ. ಅಪ್ಪನ ಪಾತ್ರದಲ್ಲಿ ಗಿರೀಶ್ ಕಾರ್ನಾಡ್, ಅಮ್ಮನಾಗಿ ವೈಶಾಲಿ ಕಾಸರವಳ್ಳಿ.

ಅಪ್ಪ ಲೆಕ್ಕ ಕೊಡೋ ಪ್ರಸಂಗ ನೆನಪಿದೆಯಾ? ರಾಮನ ಹತ್ತಿರ ಹತ್ತು ಮಾವಿನಹಣ್ಣು, ಅದರಿಂದ ಹದಿನೈದು ಆಣೆ ಬರಬೇಕು, ಕೃಷ್ಣನಿಗೆ ನಾಲ್ಕೇ ಸಾಕು, ಹಾಗಾದರೆ ಕೃಷ್ಣ ಎಷ್ಟು ಕೊಡಬೇಕು ಅಂತ. ಸ್ವಾಮಿಗೆ ಲೆಕ್ಕ ಯಾರಿಗೆ ಬೇಕು, ಅವನ ತಲೆಯಲ್ಲಿರೋದು ಆ ಹಣ್ಣು ಮಾಗಿದೆಯೋ ಇಲ್ಲವೋ ಅನ್ನೋದು! ಆ ವಯಸ್ಸಿನ ಮಕ್ಕಳಿಗೆ ಅತ್ತು ತೋರಿಸೋದು ಸುಲಭ, ಮಂಜುನಾಥ್ ಹಾಗೆ ಸುಮ್ನೆ ಕೂತು ಯೋಚನೆ ಮಾಡ್ತಿರೋ ಹಾಗೆ ಕಾಣಿಸೋದು ಬಹಳ ಕಷ್ಟ. ಸ್ವಾಮಿ ನಮ್ಮ ಪಕ್ಕದ ಮನೆ ಹುಡುಗ ಅನ್ನಿಸಿದ್ದು ಅದಕ್ಕೇ ಅಂತ ನನ್ನ ನಂಬಿಕೆ. ಇದೇ ಸ್ವಾಮಿಯ ಕಥೆಯ ‘ಸ್ವಾಮಿ’ ಚಿತ್ರಕ್ಕೆ ಅತ್ಯುತ್ತಮ ಬಾಲನಟ ರಾಷ್ಟ್ರಪ್ರಶಸ್ತಿಯೂ ಬಂತು.

ಆಮೇಲೆ ‘ರಣಧೀರ’, ‘ಸಾಂಗ್ಲಿಯಾನ’. 1990ರಲ್ಲಿ ಹಿಂದಿಯ ‘ಅಗ್ನಿಪಥ್’, ಅದರಲ್ಲಿ ಅಮಿತಾಭ್ ಬಚ್ಚನ್ ಪಾತ್ರದ ಬಾಲ್ಯ ಇವರದ್ದೇ. ಕಣ್ಣಲ್ಲಿ ಕೋಪ ತುಂಬಿಕೊಂಡ ಆ ಹುಡುಗ ಮತ್ತು ಮಾವಿನಹಣ್ಣಿನ ಸ್ವಾಮಿ ಇಬ್ಬರೂ ಒಬ್ಬರೇ ಅಂತ ಗೊತ್ತಿಲ್ಲದವರು ಈಗಲೂ ಸಿಗ್ತಾರೆ. ಅದೇ ವರ್ಷ ಸೆಪ್ಟೆಂಬರ್ 30ರಂದು ಶಂಕರ್ ನಾಗ್ ಅಪಘಾತದಲ್ಲಿ ಹೋಗಿಬಿಟ್ಟರು. ಮಂಜುನಾಥ್‌ಗೆ ಆಗ 14 ಕೂಡ ತುಂಬಿರಲಿಲ್ಲ. ತನ್ನನ್ನು ಸ್ವಾಮಿ ಮಾಡಿದ ಮನುಷ್ಯನನ್ನು ಆ ವಯಸ್ಸಿಗೆ ಕಳೆದುಕೊಳ್ಳೋದು ಸಣ್ಣ ಮಾತಲ್ಲ. ಆದರೂ ನಟನೆ ಅಲ್ಲಿಗೇ ನಿಲ್ಲಲಿಲ್ಲ, ಇನ್ನೂ ಕೆಲವು ವರ್ಷ ನಡೆಯಿತು.

ಬಿಟ್ಟ ಮೇಲೆ ಇಂಗ್ಲಿಷ್ ಸಾಹಿತ್ಯದಲ್ಲಿ ಎಂ.ಎ. ಮಾಡಿದರು, ಸಿನಿಮಾ ಛಾಯಾಗ್ರಹಣದಲ್ಲಿ ಡಿಪ್ಲೊಮಾ ಕೂಡ. ಕೆಲಸಕ್ಕೆ ಸೇರಿದ್ದು ಸಾರ್ವಜನಿಕ ಸಂಪರ್ಕದ ಕ್ಷೇತ್ರಕ್ಕೆ, ಅದರಲ್ಲೂ ಬೆಂಗಳೂರಿನ ನೈಸ್ ರಸ್ತೆ ಯೋಜನೆಯ ಕಂಪನಿಯಲ್ಲಿ ಬಹಳ ವರ್ಷ ಇದ್ದರು. ನೀವು ಆ ರಸ್ತೆಯಲ್ಲಿ ಟೋಲ್ ಕಟ್ಟಿ ಎಷ್ಟು ಸಲ ಹೋಗಿದ್ದೀರೋ ಏನೋ, ಸ್ವಾಮಿ ಕೆಲಸ ಮಾಡ್ತಿದ್ದ ಜಾಗ ಅದು.

ಅದಕ್ಕೇ ಆ ‘ಪಾಪ’ ಅನ್ನೋ ಮಾತು ನನಗೆ ಒಪ್ಪಿಗೆ ಇಲ್ಲ. ತೆರೆ ಮೇಲೆ ಕಾಣದಿದ್ದರೆ ಸೋತರು ಅಂತ ನಾವೇ ತೀರ್ಮಾನ ಮಾಡಿಬಿಡ್ತೀವಿ, ಅಲ್ವಾ? ಮೂರನೇ ವಯಸ್ಸಿನಿಂದ ದುಡಿದ ಹುಡುಗ 19ಕ್ಕೆ ಸಾಕು, ಕಾಲೇಜಿಗೆ ಹೋಗ್ತೀನಿ ಅಂತ ಹೊರಟರೆ ಅದು ಅವರ ಆಯ್ಕೆ.

ಅಂದಹಾಗೆ, ಆ ಧಾರಾವಾಹಿಯ ರೈಲು ನಿಲ್ದಾಣ ನೋಡಬೇಕು ಅಂದರೆ ಶಿವಮೊಗ್ಗ ಜಿಲ್ಲೆಯ ಅರಸಾಳಿಗೆ ಹೋಗಿ. 2020ರಿಂದ ಅಲ್ಲೊಂದು ಮಾಲ್ಗುಡಿ ಮ್ಯೂಸಿಯಂ ಇದೆ.