ಪೇಟೆ, ದಂಡು, ಬಡಾವಣೆ: ಪ್ಲೇಗ್ ಬೆಂಗಳೂರನ್ನು ಹಂಚಿದ ಬಗೆ

ಮಲ್ಲೇಶ್ವರದ ಹಳೆಯ ಕ್ರಾಸ್‌ಗಳಲ್ಲಿ ಮನೆಗಳ ಹಿತ್ತಲಾಚೆ ಕಿರಿದಾದ ಓಣಿಗಳಿವೆ. ಎರಡು ಸಾಲು ಮನೆಗಳು ಬೆನ್ನು ಹಾಕಿ ನಿಂತಿರುತ್ತವೆ. ನಡುವೆ ಒಂದಿಬ್ಬರು ನಡೆಯುವಷ್ಟು ಜಾಗ. ಈಗ ಕೆಲವು ಓಣಿಗಳಲ್ಲಿ ಗೋಡೆಗೆ ಬಣ್ಣ ಬಳಿದು ಚಿತ್ರ ಬಿಡಿಸಿದ್ದಾರೆ. ಊರಿಗೆ ಹೊಸಬರಾದವರು ಅದನ್ನು ಅಡ್ಡದಾರಿ ಅಂದುಕೊಳ್ಳುತ್ತಾರೆ. ಹಳಬರು ಮಾತ್ರ 'ಕನ್ಸರ್ವೆನ್ಸಿ' ಅನ್ನುತ್ತಾರೆ.

ಆ ಓಣಿ ಮಾಡಿದ್ದು ಮಲ ಹೊರುವವರಿಗಾಗಿ. ಆಗ ಒಳಚರಂಡಿ ಇರಲಿಲ್ಲ. ಕಕ್ಕಸು ಹಿತ್ತಲ ತುದಿಯಲ್ಲಿ ಇರುತ್ತಿತ್ತು. ಅದನ್ನು ತೆಗೆಯುವವರು ಹಿಂದಿನಿಂದ ಬಂದು ಹಿಂದಿನಿಂದಲೇ ಹೋಗಬೇಕು. ಮುಂದಿನ ಬೀದಿಯಲ್ಲಿ ಅವರು ಕಾಣಬಾರದು. ಅಂದರೆ ಮೊದಲ ಮನೆಯ ಪಾಯ ತೋಡುವ ಮುಂಚೆಯೇ, ಯಾರು ಯಾವ ದಾರಿಯಲ್ಲಿ ನಡೆಯಬೇಕು ಅಂತ ನಕ್ಷೆಯಲ್ಲಿ ಗೆರೆ ಎಳೆದಾಗಿತ್ತು.

ಊರಿನ ಇತಿಹಾಸ ಅಂದ ತಕ್ಷಣ ನಮಗೆ ನೆನಪಾಗುವುದು ಕಟ್ಟಿಸಿದ ರಾಜನ ಹೆಸರು, ಕೋಟೆ ಬಿದ್ದ ವರ್ಷ. ಶಾಲೆಯಲ್ಲಿ ನಾವು ಓದಿದ್ದೂ ಅದನ್ನೇ ಅಲ್ವಾ? ನಗರದ ಇತಿಹಾಸವನ್ನೇ ಒಂದು ಅಧ್ಯಯನವಾಗಿ ನೋಡುವವರ ಪ್ರಶ್ನೆ ಬೇರೆ. ಊರು ಜನರನ್ನು ಹೇಗೆ ಬದಲಿಸಿತು? ಬೀದಿಯ ಅಗಲ, ನೀರಿನ ಕೊಳಾಯಿ, ನಿವೇಶನದ ಬೆಲೆ, ಇವೆಲ್ಲ ಸೇರಿ ಯಾರನ್ನು ಯಾರ ಪಕ್ಕಕ್ಕೆ ತಂದವು, ಯಾರನ್ನು ದೂರ ಇಟ್ಟವು? 1914ರಲ್ಲಿ ಭಾರತಕ್ಕೆ ಬಂದ ಸ್ಕಾಟ್ಲೆಂಡಿನ ಪ್ಯಾಟ್ರಿಕ್ ಗೆಡ್ಡೆಸ್ ಇದನ್ನು ಕಾಲ್ನಡಿಗೆಯಲ್ಲೇ ಮಾಡಿದರು. ಒಂದು ಊರಿಗೆ ಯೋಜನೆ ಬರೆಯುವ ಮೊದಲು ಅದರ ಗಲ್ಲಿ ಗಲ್ಲಿ ಸುತ್ತಿ ನೋಡಬೇಕು ಅನ್ನುವುದು ಅವರ ಪಟ್ಟು. ಹಳೆಯ ಬೀದಿಗಳನ್ನು ಸಾರಾಸಗಟಾಗಿ ಕೆಡವುವುದನ್ನು ಅವರು ಬಲವಾಗಿ ವಿರೋಧಿಸಿದರು. 1960ರ ದಶಕದಲ್ಲಿ ಇಂಗ್ಲೆಂಡಿನ ಲೆಸ್ಟರ್‌ನಲ್ಲಿ ಎಚ್.ಜೆ. ಡಯೋಸ್ ಈ ಅಧ್ಯಯನಕ್ಕೆ ಒಂದು ನೆಲೆ ಕಟ್ಟಿದರು. ಅವರು ಆರಿಸಿಕೊಂಡಿದ್ದು ಅರಮನೆಯನ್ನಲ್ಲ, ಲಂಡನ್ ಹೊರವಲಯದ ಕ್ಯಾಂಬರ್‌ವೆಲ್ ಅನ್ನುವ ಸಾಮಾನ್ಯ ಬಡಾವಣೆಯನ್ನು. ನಮ್ಮ ಬೆಂಗಳೂರನ್ನೂ ಹಾಗೆ ನೋಡಬೇಕು ಅನ್ನುವುದು ನನ್ನ ಬಹುಕಾಲದ ಆಸೆ.

ಪೇಟೆಯಿಂದ ಶುರು ಮಾಡೋಣ. 1537ರಲ್ಲಿ ಕೆಂಪೇಗೌಡರು ಕಟ್ಟಿಸಿದ್ದು ಅಂತ ಹೇಳುವ ಮಣ್ಣಿನ ಕೋಟೆಯ ಊರು ಇದು. ದೊಡ್ಡಪೇಟೆ, ಚಿಕ್ಕಪೇಟೆ ಅನ್ನುವ ಎರಡು ಬೀದಿಗಳು ಒಂದನ್ನೊಂದು ಅಡ್ಡ ಹಾಯುತ್ತವೆ. ಸುತ್ತ ಅಕ್ಕಿಪೇಟೆ, ಬಳೇಪೇಟೆ, ಅರಳೆಪೇಟೆ, ತರಗುಪೇಟೆ, ಕುಂಬಾರಪೇಟೆ, ಗಾಣಿಗರಪೇಟೆ, ಉಪ್ಪಾರಪೇಟೆ, ತಿಗಳರಪೇಟೆ. ಹೆಸರು ಕೇಳಿದರೆ ಸಾಕು, ಅಲ್ಲಿ ಏನು ಸಿಗುತ್ತಿತ್ತು, ಯಾರು ಇದ್ದರು ಅಂತ ಗೊತ್ತಾಗುತ್ತದೆ. ಕೆಳಗೆ ಅಂಗಡಿ, ಮೇಲೆ ಅಥವಾ ಹಿಂದೆ ಮನೆ. ಮಾಡುವ ಕೆಲಸ, ಹುಟ್ಟಿದ ಜಾತಿ, ಇರುವ ಬೀದಿ, ಮೂರೂ ಒಂದಕ್ಕೊಂದು ಹೆಣೆದುಕೊಂಡಿದ್ದವು. ಪೇಟೆಯಲ್ಲಿ ಜಾತಿ ಇರಲಿಲ್ಲ ಅಂತ ಯಾರೂ ಹೇಳಲಾರರು. ಆದರೆ ಹತ್ತು ಹೆಜ್ಜೆ ಇಟ್ಟರೆ ಇನ್ನೊಂದು ಕಸುಬಿನವರ ಬೀದಿ ಬರುತ್ತಿತ್ತು. ದಿನ ಬೆಳಗಾದರೆ ಒಬ್ಬರಿಗೊಬ್ಬರು ಎದುರಾಗಲೇಬೇಕಿತ್ತು. ಇಂದಿಗೂ ಧರ್ಮರಾಯನ ಗುಡಿಯಿಂದ ಹೊರಡುವ ಕರಗ ತವಕ್ಕಲ್ ಮಸ್ತಾನ್ ದರ್ಗಾಕ್ಕೆ ಹೋಗಿ ಬರುತ್ತದೆ. ಆ ಸಾಂದ್ರವಾದ ಬೀದಿಗಳಲ್ಲೇ ಅಂಥ ನಂಟು ಬೆಳೆದದ್ದು.

1799ರಲ್ಲಿ ಟಿಪ್ಪು ಸತ್ತ ಮೇಲೆ ಬ್ರಿಟಿಷರ ಸೇನೆ ಶ್ರೀರಂಗಪಟ್ಟಣದಲ್ಲಿ ಬೀಡುಬಿಟ್ಟಿತ್ತು. ಅಲ್ಲಿ ಜ್ವರ ಸೈನಿಕರನ್ನು ಕಾಡಿತು. 1809ರಲ್ಲಿ ಸೇನೆ ಬೆಂಗಳೂರಿಗೆ ಬಂತು. ಆದರೆ ಪೇಟೆಗೆ ಬರಲಿಲ್ಲ. ಪೂರ್ವಕ್ಕೆ, ಹಲಸೂರಿನ ಕಡೆ, ಬಯಲಲ್ಲಿ ನೆಲೆಸಿತು. ಅದೇ ದಂಡು. ಅಲ್ಲಿ ಬೀದಿಗಳಿಗೆ ಬೇರೆಯೇ ಥರದ ಹೆಸರು ಬಂತು: ಬ್ರಿಗೇಡ್, ಇನ್‌ಫೆಂಟ್ರಿ, ಆರ್ಟಿಲರಿ, ಕ್ಯಾವಲ್ರಿ, ರೆಸಿಡೆನ್ಸಿ, ಸೌತ್ ಪರೇಡ್. ಸೌತ್ ಪರೇಡ್ ಈಗಿನ ಎಂ.ಜಿ. ರೋಡ್.

ಸೇನೆ ಬಂದರೆ ಬರೀ ಸೈನಿಕರು ಬರುವುದಿಲ್ಲ. ಅಡುಗೆಯವರು, ಅಗಸರು, ಕುದುರೆ ನೋಡಿಕೊಳ್ಳುವವರು, ಗುತ್ತಿಗೆದಾರರು, ಗಾರೆ ಕೆಲಸದವರು ಬರುತ್ತಾರೆ. ಅದು ಮದ್ರಾಸಿನ ಸೇನೆ. ಹಾಗಾಗಿ ಹಿಂದೆ ಬಂದವರಲ್ಲಿ ತಮಿಳರು ಜಾಸ್ತಿ. ಉರ್ದು ಮಾತಾಡುವವರು, ಆಂಗ್ಲೋ ಇಂಡಿಯನ್ನರು, ತೆಲುಗರೂ ಬಂದರು. ಈಗಿನ ಶಿವಾಜಿನಗರ, ಆಗಿನ ಬ್ಲಾಕ್‌ಪಲ್ಲಿ, ಹೀಗೆ ತುಂಬಿಕೊಂಡಿತು. 1864ರಲ್ಲಿ ಜೋಲಾರಪೇಟೆಯಿಂದ ಬಂದ ಮೊದಲ ರೈಲು ಮುಟ್ಟಿದ್ದು ದಂಡನ್ನು, ಪೇಟೆಯನ್ನಲ್ಲ. ಇವತ್ತಿಗೂ ಆ ನಿಲ್ದಾಣದ ಹೆಸರು ಬೆಂಗಳೂರು ದಂಡು.

1862ರಲ್ಲಿ ಪೇಟೆಗೊಂದು, ದಂಡಿಗೊಂದು ಪುರಸಭೆ ಆಯಿತು. 1881ರಲ್ಲಿ ಬ್ರಿಟಿಷರು ಮೈಸೂರನ್ನು ಒಡೆಯರಿಗೆ ಹಿಂದಿರುಗಿಸಿದರು, ದಂಡನ್ನು ಕೊಡಲಿಲ್ಲ. ಅದು ಬ್ರಿಟಿಷ್ ಸರ್ಕಾರದ ಪ್ರತಿನಿಧಿಯಾದ ರೆಸಿಡೆಂಟರ ಕೈಯಲ್ಲೇ ಉಳಿಯಿತು. ಒಂದೇ ಊರಿನಲ್ಲಿ ಎರಡು ಸರ್ಕಾರ, ಎರಡು ಪುರಸಭೆ. ನಡುವೆ 1870ರಲ್ಲಿ ರಿಚರ್ಡ್ ಸ್ಯಾಂಕಿ ಮಾಡಿಸಿದ ಕಬ್ಬನ್ ಪಾರ್ಕ್. ಬೆಳಗ್ಗೆ ಅಲ್ಲಿ ವಾಕ್ ಹೋಗುವವರು ಆ ಹಸಿರಿನ ಇನ್ನೊಂದು ಕೆಲಸವನ್ನೂ ನೆನೆಯಬೇಕು. ಅದು ಎರಡು ಊರುಗಳನ್ನು ದೂರ ಇಟ್ಟ ಜಾಗವೂ ಹೌದು.

ಇಂಥ ಊರಿಗೆ ಪ್ಲೇಗ್ ಬಂತು.

1896ರಲ್ಲಿ ಮುಂಬೈಯಲ್ಲಿ ಕಾಣಿಸಿಕೊಂಡ ರೋಗ ರೈಲು ದಾರಿ ಹಿಡಿದು ಊರೂರಿಗೆ ಹರಡಿತು. 1897ರಲ್ಲಿ ಸರ್ಕಾರ ಸಾಂಕ್ರಾಮಿಕ ರೋಗಗಳ ಕಾಯ್ದೆ ತಂದಿತು. 2020ರ ಕೊರೊನಾ ಸಮಯದಲ್ಲಿ ಬಳಸಿದ್ದು ಅದೇ ಕಾಯ್ದೆ. 1898ರ ಆಗಸ್ಟ್‌ನಲ್ಲಿ ಬೆಂಗಳೂರಿನಲ್ಲಿ ಮೊದಲ ಪ್ರಕರಣ ಸಿಕ್ಕಿತು. ಸಾವಿರಾರು ಜನ ಸತ್ತರು. ಮನೆ ಮನೆ ತಪಾಸಣೆ, ರೋಗಿಗಳನ್ನು ಬೇರೆ ಶಿಬಿರಕ್ಕೆ ಸಾಗಿಸುವುದು, ಸೋಂಕಿದ ಮನೆಯ ಹೆಂಚು ತೆಗೆದು ಬಿಸಿಲು ಬೀಳಿಸುವುದು ಶುರುವಾಯಿತು. ಜನ ಊರು ಬಿಟ್ಟು ಬಯಲಲ್ಲಿ ಗುಡಿಸಲು ಹಾಕಿಕೊಂಡರು. ಮಾರಮ್ಮನಿಗೆ ಹರಕೆ ಹೊತ್ತರು. ಪ್ಲೇಗ್ ಮಾರಮ್ಮನ ಹೆಸರಿನ ಗುಡಿಗಳು ಇಂದಿಗೂ ನಗರದಲ್ಲಿವೆ.

ರೋಗ ಹೇಗೆ ಹರಡುತ್ತದೆ ಅಂತ ಆಗ ಸರಿಯಾಗಿ ಗೊತ್ತಿರಲಿಲ್ಲ. ರೋಗಾಣುವನ್ನು 1894ರಲ್ಲಿ ಪತ್ತೆ ಮಾಡಿದ್ದರು. ಆದರೆ ಇಲಿಯ ಮೈಮೇಲಿನ ಚಿಗಟ ಅದನ್ನು ಹೊರುತ್ತದೆ ಅನ್ನುವ ಮಾತನ್ನು ಫ್ರೆಂಚ್ ವೈದ್ಯ ಸೈಮಂಡ್ 1898ರಲ್ಲಿ ಹೇಳಿದಾಗ ಹೆಚ್ಚಿನವರು ನಂಬಲಿಲ್ಲ. ಕತ್ತಲೆ, ತೇವ, ಇಕ್ಕಟ್ಟು, ಇವೇ ರೋಗಕ್ಕೆ ಮೂಲ ಅನ್ನುವುದು ಅಧಿಕಾರಿಗಳ ನಂಬಿಕೆ. ಹಾಗಾಗಿ ಪೇಟೆಯೇ ಅಪರಾಧಿಯಾಯಿತು. ಊರನ್ನು ಹಿಗ್ಗಿಸುವ ಯೋಚನೆ ಮುಂಚೆಯೇ ಇತ್ತು. 1892ರಲ್ಲಿ ಚಾಮರಾಜಪೇಟೆ ಆಗಿತ್ತು. ಪ್ಲೇಗ್ ಆ ಯೋಚನೆಗೆ ಅವಸರ ತಂದಿತು. ದಕ್ಷಿಣಕ್ಕೆ ಬಸವನಗುಡಿ, ಉತ್ತರಕ್ಕೆ ಮಲ್ಲೇಶ್ವರ.

ಇವು ಬರೀ ಬಯಲಲ್ಲಿ ಹುಟ್ಟಿದ ಬಡಾವಣೆಗಳಲ್ಲ ಅನ್ನುವುದನ್ನೂ ಹೇಳಬೇಕು. ಕಾಡು ಮಲ್ಲೇಶ್ವರ ದೇವಸ್ಥಾನದಲ್ಲಿ ಶಿವಾಜಿಯ ತಮ್ಮ ವೆಂಕೋಜಿ ಬರೆಸಿದ 1669ರ ಶಾಸನವಿದೆ. ಅದರಲ್ಲಿ ಮಲ್ಲಾಪುರ ಅನ್ನುವ ಊರಿನ ಹೆಸರಿದೆ. ಬಸವನಗುಡಿ ಇದ್ದಿದ್ದು ಸುಂಕೇನಹಳ್ಳಿಯ ನೆಲದಲ್ಲಿ. ರೈತರು ಬಸವಣ್ಣನಿಗೆ ಕಡಲೆಕಾಯಿ ಒಪ್ಪಿಸುತ್ತಿದ್ದ ಊರು ಅದು. ಕಾರ್ತಿಕದ ಕೊನೆಯ ಸೋಮವಾರ ನಾವು ಕಾಗದದ ಪೊಟ್ಟಣ ಹಿಡಿದು ಪರಿಷೆಯಲ್ಲಿ ತಿರುಗುವಾಗ, ಕಳೆದುಹೋದ ಆ ಹೊಲಗಳ ನೆನಪಿನಲ್ಲೇ ತಿರುಗುತ್ತಿರುತ್ತೇವೆ.

ಹೊಸ ಬಡಾವಣೆಯ ರೂಪವೇ ಬೇರೆ. ಅಗಲವಾದ ನೇರ ರಸ್ತೆ. ಬದಿಯಲ್ಲಿ ಮರ. ಪ್ರತಿ ಮನೆಗೂ ಸುತ್ತ ಗಾಳಿಯಾಡುವ ಜಾಗ. ಬೀದಿಗಳಿಗೆ ಕಸುಬಿನ ಹೆಸರಿಲ್ಲ, ನಂಬರ್ ಬಂತು: ಎಂಟನೇ ಕ್ರಾಸ್, ಎರಡನೇ ಮೇನ್. ವಿಳಾಸ ನೋಡಿ ಒಬ್ಬರ ಕೆಲಸ ಹೇಳುವ ಹಾಗಿಲ್ಲ. ಇದು ದೊಡ್ಡ ಬದಲಾವಣೆ. ದುಡಿಯುವ ಜಾಗ, ಬದುಕುವ ಜಾಗ ಬೇರೆ ಬೇರೆ ಆದವು. ಬೆಳಗ್ಗೆ ಕಚೇರಿಗೋ ಶಾಲೆಗೋ ಹೋಗಿ ಸಂಜೆ ಮನೆಗೆ ಬರುವ ಒಂದು ಹೊಸ ವರ್ಗಕ್ಕೆ ಇಲ್ಲಿ ನೆಲೆ ಸಿಕ್ಕಿತು.

ಹೆಸರು ಹೋದರೂ ಜಾತಿ ಹೋಗಲಿಲ್ಲ. ನಿವೇಶನ ಹಂಚುವಾಗ ಜಾತಿ, ಮತ ನೋಡಿ ಭಾಗ ಮಾಡಿದರು. ಪೇಟೆಯಲ್ಲಿ ಕಸುಬಿನ ಜೊತೆ ತಾನಾಗಿ ಬೆಳೆದಿದ್ದ ವಿಂಗಡಣೆ ಇಲ್ಲಿ ಸರ್ಕಾರದ ನಕ್ಷೆಯಲ್ಲೇ ಬಂತು. ಪೇಟೆಯಲ್ಲಿ ಹತ್ತು ಹೆಜ್ಜೆಯಷ್ಟಿದ್ದ ದೂರ ಇಲ್ಲಿ ಅಗಲ ರಸ್ತೆ, ಕಾಂಪೌಂಡು, ನಿವೇಶನದ ಬೆಲೆಯಾಗಿ ಹಿಗ್ಗಿತು. ಹಿತ್ತಲಾಚೆಯ ಓಣಿಯಂತೂ ಇದ್ದೇ ಇತ್ತು. ಬೆಲೆ ಕೊಡಲಾಗದವರು ಅದೇ ಇಕ್ಕಟ್ಟಿನ ಪೇಟೆಯಲ್ಲಿ ಉಳಿದರು.

ದಂಡಿನ ಕಡೆಯೂ ಹೊಸ ಬಡಾವಣೆ ಆಯಿತು. ಬಸವನಗುಡಿ, ಮಲ್ಲೇಶ್ವರಕ್ಕಿಂತ ಎಂಟು ವರ್ಷ ತಡವಾಗಿ, 1906ರಲ್ಲಿ ಫ್ರೇಜರ್ ಟೌನ್‌ಗೆ ಅಡಿಗಲ್ಲು ಬಿತ್ತು. ಅಷ್ಟರಲ್ಲಿ ಇಲಿಯ ಮೇಲಿನ ಅನುಮಾನ ಬಲವಾಗಿತ್ತು. ಹಾಗಾಗಿ ಅಲ್ಲಿ ಇಲಿ ನುಗ್ಗದಂಥ 'ಪ್ಲೇಗ್ ತಡೆಯುವ ಮನೆ'ಗಳ ಮಾತು ಬಂತು. ಬಸವನಗುಡಿ ಕೆಟ್ಟ ಗಾಳಿಯ ವಿರುದ್ಧ ಕಟ್ಟಿದ ಬಡಾವಣೆ, ಫ್ರೇಜರ್ ಟೌನ್ ಇಲಿಯ ವಿರುದ್ಧ ಕಟ್ಟಿದ ಬಡಾವಣೆ. ಹೀಗೆ ಎಂಟು ವರ್ಷಗಳಲ್ಲಿ ವಿಜ್ಞಾನ ಎಷ್ಟು ಮುಂದೆ ಹೋಯಿತು ಅನ್ನುವುದನ್ನೂ ಬಡಾವಣೆಗಳಿಂದಲೇ ಓದಬಹುದು.

ಇನ್ನು ನನಗೆ ತುಂಬ ಹತ್ತಿರದ ವಿಷಯಕ್ಕೆ ಬರುತ್ತೇನೆ. ಬೆಂಗಳೂರಿನಲ್ಲಿ ಕನ್ನಡದ ಬೌದ್ಧಿಕ ಜೀವನ ಎಲ್ಲಿ ಬೆಳೆಯಿತು? 1915ರಲ್ಲಿ ಹುಟ್ಟಿದ ಕನ್ನಡ ಸಾಹಿತ್ಯ ಪರಿಷತ್ತಿನ ಮನೆ ಇರುವುದು ಚಾಮರಾಜಪೇಟೆಯಲ್ಲಿ. 1917ರಲ್ಲಿ ನ್ಯಾಷನಲ್ ಹೈಸ್ಕೂಲ್ ಶುರುವಾಗಿದ್ದು ಬಸವನಗುಡಿ ಭಾಗದಲ್ಲಿ. ಡಿ.ವಿ.ಜಿ. ಅಲ್ಲೇ ಇದ್ದರು. ಗೋಖಲೆ ಸಾರ್ವಜನಿಕ ವಿಚಾರ ಸಂಸ್ಥೆಯನ್ನು ಅಲ್ಲೇ ಕಟ್ಟಿದರು. ಮಾಸ್ತಿಯವರ ಮನೆ ಪಕ್ಕದ ಗವಿಪುರದಲ್ಲಿ. 1943ರಲ್ಲಿ ಗಾಂಧಿ ಬಜಾರಿನಲ್ಲಿ ವಿದ್ಯಾರ್ಥಿ ಭವನ ತೆರೆಯಿತು. ನಡೆದು ಹೋಗುವ ದೂರದಲ್ಲಿ ಶಾಲೆ, ಗ್ರಂಥಾಲಯ, ಹೋಟೆಲು, ಗೆಳೆಯರ ಮನೆ. ಕನ್ನಡಕ್ಕೆ ಇಂಥ ನೆರೆಹೊರೆ ಸಿಕ್ಕಿದ್ದು ದೊಡ್ಡ ಪುಣ್ಯ. ದಂಡಿನ ಬೀದಿಗಳಲ್ಲಿ ಹಾಗಾಗಲಿಲ್ಲ. ಕಬ್ಬನ್ ಪಾರ್ಕಿನ ಆಚೆ ಕನ್ನಡ ಕೇಳಿಸುವುದು ಕಡಿಮೆ ಅಂತ ನಾವು ದೂರುತ್ತಲೇ ಬಂದಿದ್ದೇವೆ. ಆದರೆ 1809ರಿಂದ 1947ರವರೆಗೆ ಆ ಭಾಗ ಬೇರೆಯೇ ಊರಾಗಿ ಬೆಳೆದಿತ್ತು ಅನ್ನುವುದನ್ನು ಮರೆತು ದೂರಿದರೆ, ಅಲ್ಲಿ ಆರೇಳು ತಲೆಮಾರಿನಿಂದ ಬದುಕಿದ ಜನರಿಗೆ ಅನ್ಯಾಯ ಮಾಡಿದಂತೆ.

ನಮ್ಮ ಸಾಹಿತ್ಯವನ್ನು ಸಾಕಿದ ಬೀದಿಗಳು, ಜಾತಿ ನೋಡಿ ಗೆರೆ ಎಳೆದ ಬೀದಿಗಳೇ. ನಾನು ಆ ಬೀದಿಗಳನ್ನು ಪ್ರೀತಿಸುತ್ತೇನೆ. ಅಲ್ಲಿ ಕೂತು ಬರೆದವರಿಂದ ಕಲಿತಿದ್ದೇನೆ. ಅದಕ್ಕೇ ಆ ಗೆರೆಯನ್ನೂ ನೋಡಬೇಕು ಅನ್ನುತ್ತೇನೆ. ಒಂದನ್ನು ಹೇಳಿ ಇನ್ನೊಂದನ್ನು ಬಿಟ್ಟರೆ ಅದು ಅರ್ಧ ಇತಿಹಾಸ.

ನೀರಿನ ಕಥೆಯೂ ಇದಕ್ಕೆ ಸೇರಿಕೊಂಡಿದೆ. 1896ರ ಹೊತ್ತಿಗೆ ಹೆಸರಘಟ್ಟದಿಂದ ಕೊಳವೆಯಲ್ಲಿ ನೀರು ಬಂತು. 1933ರಲ್ಲಿ ತಿಪ್ಪಗೊಂಡನಹಳ್ಳಿ, 1974ರಲ್ಲಿ ಸುಮಾರು 100 ಕಿಲೋಮೀಟರ್ ದೂರದ ಕಾವೇರಿ. ಕೊಳಾಯಿ ಬಂದ ಮೇಲೆ ಊರೊಳಗಿನ ಕೆರೆಗಳು ಯಾರಿಗೂ ಬೇಡವಾದವು. ಧರ್ಮಾಂಬುಧಿ ಕೆರೆ ಮೆಜೆಸ್ಟಿಕ್ ಬಸ್ ನಿಲ್ದಾಣವಾಯಿತು. ಸಂಪಂಗಿ ಕೆರೆ ಕಂಠೀರವ ಕ್ರೀಡಾಂಗಣವಾಯಿತು. ಆ ಕೆರೆಯ ನೀರಿನಲ್ಲಿ ಹೂವು, ತರಕಾರಿ ಬೆಳೆಯುತ್ತಿದ್ದ ತಿಗಳರ ತೋಟಗಳೂ ಹೋದವು. ಕರಗ ಹೊರುವ ಸಮುದಾಯ ಅದು. ಕ್ರೀಡಾಂಗಣದ ಮೂಲೆಯಲ್ಲಿ ಒಂದು ಚಿಕ್ಕ ಕೊಳ ಮಾತ್ರ ಉಳಿದಿದೆ. ಕರಗದ ವಿಧಿಗಳಿಗೆ ಈಗಲೂ ಅಲ್ಲಿಗೇ ಬರುತ್ತಾರೆ.

1947ರಲ್ಲಿ ದಂಡು ಮೈಸೂರಿಗೆ ಮರಳಿತು. 1949ರಲ್ಲಿ ಎರಡು ಪುರಸಭೆ ಸೇರಿ ಒಂದೇ ಕಾರ್ಪೊರೇಷನ್ ಆಯಿತು. 1951ರ ಜನಗಣತಿಯಲ್ಲಿ ಸುಮಾರು 7.8 ಲಕ್ಷ ಜನ. 2011ರಲ್ಲಿ 84 ಲಕ್ಷ. ನಡುವೆ ಎಚ್‌.ಎ.ಎಲ್., ಐ.ಟಿ.ಐ., ಎಚ್‌.ಎಂ.ಟಿ., ಬಿ.ಇ.ಎಲ್. ಕಾರ್ಖಾನೆಗಳ ಕಾಲ, ಆಮೇಲೆ ಸಾಫ್ಟ್‌ವೇರ್ ಕಾಲ. ಅವುಗಳ ಸುತ್ತ ಬೆಳೆದ ಊರಿನ ಕಥೆ ಇನ್ನೊಂದು ಲೇಖನಕ್ಕೇ ಆಗುವಷ್ಟಿದೆ. 2025ರಲ್ಲಿ ನಗರವನ್ನು ಮತ್ತೆ ಭಾಗ ಮಾಡಿ ಐದು ಪಾಲಿಕೆ ಮಾಡಿದರು. ಈ ಸಲ ಚಿಕ್ಕಪೇಟೆ, ಶಿವಾಜಿನಗರ ಎರಡೂ ಕೇಂದ್ರ ಪಾಲಿಕೆಯಲ್ಲಿ ಒಟ್ಟಿಗಿವೆ. ಹೊಸ ಗೆರೆಗಳು ಏನು ಮಾಡುತ್ತವೆ ಅಂತ ನೋಡಲು ನಾವು ಇಂದಿನಿಂದಲೇ ಲೆಕ್ಕ ಇಡಬೇಕು: ಯಾವ ವಾರ್ಡಿಗೆ ನೀರು ಎಷ್ಟು ದಿನಕ್ಕೊಮ್ಮೆ ಬರುತ್ತದೆ, ಯಾವ ಶಾಲೆ ಮುಚ್ಚಿತು, ಯಾವ ಸಂತೆ ಎತ್ತಂಗಡಿ ಆಯಿತು.

ಇದಕ್ಕೆ ದೊಡ್ಡ ಪತ್ರಾಗಾರಕ್ಕೇ ಹೋಗಬೇಕು ಅಂತಿಲ್ಲ. ಪುರಸಭೆಯ ವರದಿ, ಸರ್ವೆ ನಕ್ಷೆ, ಜನರು ಕೊಟ್ಟ ಅರ್ಜಿಗಳು ಬೇಕೇ ಬೇಕು. ಆದರೆ ಸಾಕ್ಷಿ ಮನೆಯ ಬೀರುವಿನಲ್ಲೂ ಇರುತ್ತದೆ. ಹಳೆಯ ಬಡಾವಣೆಯಲ್ಲಿ ನಿಮ್ಮ ಅಜ್ಜಿ ಮನೆ ಇದ್ದರೆ ಅದರ ಕ್ರಯಪತ್ರ ತೆಗೆದು ಚೆಕ್ಕುಬಂದಿ ಓದಿ. ಪೂರ್ವಕ್ಕೆ ರಸ್ತೆ, ಉತ್ತರಕ್ಕೆ, ದಕ್ಷಿಣಕ್ಕೆ ಅಕ್ಕಪಕ್ಕದವರ ಹೆಸರು ಇರುತ್ತದೆ. ಆ ಹೆಸರುಗಳನ್ನು ನಿಧಾನವಾಗಿ ಓದಿ. ಪಶ್ಚಿಮಕ್ಕೆ 'ಕನ್ಸರ್ವೆನ್ಸಿ ಲೇನ್' ಅಂತ ಬರೆದಿರಬಹುದು.